ಕಿಲುಬು ಹಿಡಿಯುವ ತನಕ

೫ ಅಕ್ಟೋಬರ್ ೧೯೫೭, ಬೆಳಿಗ್ಗೆ

ರೊಟ್ಟಿ ಬಡಿದು, ಬುತ್ತಿ ಕಟ್ಟಿ ಕೊಟ್ಟಾಯಿತು. ಇವರು ಹತ್ತು ಗಂಟೆಯ ಅಂಕೋಲಾ ಬಸ್ಸಿಗೆ ಹೋದರು. ಯಲ್ಲಾಪುರದ ಸ್ಟ್ಯಾಂಡು ಮನೆಯ ಎದುರಿಗೇ. ಅಡಿಗೆಮನೆಯ ಕಿಟಕಿಯಿಂದ ಮೂರನೇ ನಂಬರ್ ಬಸ್ಸು, ಅದರ ಡ್ರೈವರ್ ಸೀಟಿನಲ್ಲಿ ಇವರು, ಇವರ ತಲೆಯ ಮೇಲೆ ಅಪ್ಪ ಮಾಡಿದ ಗಂಟೆ—ಎಲ್ಲ ಕಾಣುತ್ತದೆ. ಗಂಟೆ ಬಂಗಾರದ ಹಾಗೆ ಹೊಳೆಯುತ್ತಿತ್ತು.

ಹೊಳೆಯದೆ ಏನು ಮಾಡೀತು. ಮೊನ್ನೆ ಆಯುಧಪೂಜೆಗೆ ಐದೂ ಬಸ್ಸಿನ ಗಂಟೆ ತರಿಸಿ, ಹುಣಸೆಹುಳಿ, ಬೂದಿ ಹಾಕಿ ಒಳಗೂ ಹೊರಗೂ ತಿಕ್ಕಿದವಳು ನಾನು. ಅಪ್ಪ ಹೋಗಿ ಎರಡು ತಿಂಗಳು. ಇದ್ದಾಗ ಯಾರಿಗೂ ಮುಟ್ಟಗೊಡಲಿಲ್ಲ, ತಾನೇ ಒಣಬಟ್ಟೆಯಲ್ಲಿ ಹೊರಗಷ್ಟೇ ಒರೆಸುತ್ತಿದ್ದ. ಒಳಗೆಲ್ಲ ಹಸಿರು ಕಿಲುಬು. ಗಂಡಸರ ಕೆಲಸ ಅಷ್ಟೇ.

೯ ಅಕ್ಟೋಬರ್, ಸಂಜೆ

ಘಟ್ಟದಲ್ಲಿ ಇವರ ಬಸ್ಸಿನ ಮುಂದೆಯೇ ಮರ ಬಿತ್ತು. ಅರಬೈಲ್ ದಾಟಿದ ಮೇಲೆ, ನಾಲ್ಕು ಮಾರು ದೂರದಲ್ಲಿ. ಯಾರಿಗೂ ಏನೂ ಆಗಲಿಲ್ಲ. ಆದರೆ ಗಂಟೆ ಬಾರಿಸಲಿಲ್ಲ.

ಬಸ್ಸಿಗೆ ಕಟ್ಟಿದ ಹನ್ನೊಂದು ವರ್ಷದಲ್ಲಿ ಹೀಗಾದದ್ದಿಲ್ಲ. ಘಟ್ಟದಲ್ಲಿ ಕೇಡು ಕಾದಿದ್ದರೆ ಅರ್ಧ ತಾಸು ಮೊದಲೇ ಗಂಟೆ ತಾನಾಗಿ ಬಾರಿಸಬೇಕು. ಕೈ ಬೇಡ, ಗಾಳಿ ಬೇಡ. ಬಸ್ಸು ನಿಲ್ಲಿಸುತ್ತಾರೆ, ಜನ ಇಳಿದು ಎಲೆಅಡಿಕೆ ಹಾಕುತ್ತಾರೆ, ಕೇಡಿನ ಹೊತ್ತು ಕಳೆಯುತ್ತದೆ, ಗಂಟೆ ಸುಮ್ಮನಾಗುತ್ತದೆ. ಚಿಕ್ಕಪ್ಪ ಬಸ್ಸಿನ ಜೊತೆ ಕಮರಿಗೆ ಹೋದ ಮೇಲೆ ಅಪ್ಪ ಬನವಾಸಿಯ ಅಂಗಡಿ ಮುಚ್ಚಿ, ಶಿರಸಿಯ ಕಂಚುಗಾರರ ಹತ್ತಿರ ಕೂತು ಕಲಿತು ಮಾಡಿದ್ದು. ಗಂಟೆ ಮಡಿವಾಳಪ್ಪ ಅಂದರೆ ಘಟ್ಟದ ಮೇಲೂ ಕೆಳಗೂ ಗೊತ್ತು. ಮುಂಬೈ ಸರ್ಕಾರ ಇದ್ದಾಗ ಇಂಜಿನಿಯರು ಬಂದು ತಿರುವಿ ನೋಡಿ, ಒಳಗೆ ಏನೂ ಇಲ್ಲವಲ್ಲ ಅಂದರಂತೆ. ಅಪ್ಪ ನಕ್ಕನಂತೆ.

ಇವರು ಅಂದರು: "ನಮಗೇನೂ ಆಗೂದಿರಲಿಲ್ಲ, ಅದಕ್ಕ ಸುಮ್ನಿತ್ತು." ಇರಬಹುದು... ಮನಸ್ಸು ಒಪ್ಪುತ್ತಿಲ್ಲ.

೧೧ ಅಕ್ಟೋಬರ್, ಮಧ್ಯಾಹ್ನ

ಟ್ರಂಕಿನ ತಳದಲ್ಲಿ ಅಪ್ಪನ ನೋಟುಬುಕ್ಕು ಸಿಕ್ಕಿತು. ಪೆನ್ಸಿಲ್ ಅಕ್ಷರ. "ಕಂಚು ಬರೀ ಬಾಯಿ. ಒಳಗಿನ ಕಿಲುಬೇ ಕಿವಿ. ಎಂಟು ಮಳೆಗಾಲ ನೆನೆದರೆ ಕಿವಿ ಬರುತ್ತದೆ. ತಿಕ್ಕಬಾರದು."

ಮೂರು ಸಲ ಓದಿದೆ. ಐದೂ ಗಂಟೆಗಳ ಕಿವಿ ಕಿತ್ತು ಬಚ್ಚಲಿಗೆ ಚೆಲ್ಲಿದ್ದೇನೆ. ಗಣಪತಿ ಮಾಡಲಿಕ್ಕೆ ಹೋಗಿ ಅವರಪ್ಪನನ್ನು ಮಾಡಿದೆ.

ಇವರು ಈಗ ಘಟ್ಟದಲ್ಲಿದ್ದಾರೆ.

೧೪ ಅಕ್ಟೋಬರ್

ಇನ್ನೂ ಹೇಳಿಲ್ಲ. ಇವತ್ತು ಸುಮ್ಮನೆ ಕೇಳಿದೆ—ಟರ್ನಿಂಗಿನಲ್ಲಿ ಹಾರ್ನ್ ಹೊಡೆಯುತ್ತೀರಷ್ಟೇ? ನಕ್ಕರು.

"ನಿಮ್ಮಪ್ಪನ ಗಂಟಿ ಸುಮ್ನ ಐತಿ ಅಂದ್ರ ದಾರಿ ಸಾಫ್ ಐತಿ ಅಂತ. ಹಾರ್ನ್ ಯಾಕ ಬೇಕು? ಈಗ ಇಪ್ಪತ್ತು ನಿಮಿಷ ಮೊದ್ಲ ಮುಟ್ಟಾಕತ್ತೀನಿ."

ಶಿವನೇ. ಕಿವುಡು ಗಂಟೆ ಕಟ್ಟಿಕೊಂಡ ಬಸ್ಸಿಗಿಂತ ಗಂಟೆಯಿಲ್ಲದ ಬಸ್ಸೇ ವಾಸಿ. ಸಂಜೆ ಐದಕ್ಕೆ ಬಸ್ಸು ವಾಪಸು ಬರುವ ತನಕ ಕಿಟಕಿ ಬಿಟ್ಟು ಕದಲಲಿಲ್ಲ.

೧೫ ಅಕ್ಟೋಬರ್, ಸಂಜೆ

ಹೇಳಿಬಿಟ್ಟೆ. ತಟ್ಟೆಯಲ್ಲಿ ರೊಟ್ಟಿ ಹಾಗೇ ಉಳಿಯಿತು. ಕೈ ತೊಳೆದು ಬಂದು ಇಷ್ಟೇ ಅಂದರು: "ಗೊತ್ತಾದ ದಿನಾನ ಹೇಳಬೇಕಿತ್ತಲ್ಲ, ಗುರುಶಾಂತಾ." ಬೈದಿದ್ದರೆ ಚೆನ್ನಾಗಿತ್ತು.

೧೭ ಅಕ್ಟೋಬರ್

ಇವರು ಸ್ಟ್ಯಾಂಡಿನಲ್ಲಿ ವಿಷಯ ಹೇಳಿದ ಮೇಲೆ ಐದೂ ಗಂಟೆ ಗೋಣಿಚೀಲದಲ್ಲಿ ವಾಪಸು ಬಂದವು. ಬಸ್ಸಿನ ಏಜೆಂಟ್ ಸೀತಾರಾಮ ಹೆಗಡೆಯವರೇ ತಂದುಕೊಟ್ಟರು.

"ಹುಳಿ ಹಾಕಿ ತಿಕ್ಕಿದ್ರೆ ಹೋಗೂ ವಿದ್ಯೆ ಎಂತ ವಿದ್ಯೆ, ತಂಗಿ? ಇಷ್ಟು ವರ್ಷ ಬಾರಿಸಿದ್ದೂ ಎಂತದೋ ಕಾಕತಾಳೀಯ ಹೇಳಿ ಕಾಣ್ತದೆ."

ಮೊನ್ನೆ ತನಕ ಅಪ್ಪನ ಹೆಸರು ಹೇಳಿ ಬಸ್ಸು ಬಿಡುತ್ತಿದ್ದ ಬಾಯಿ. ತಿರುಗಿ ಅನ್ನಲು ನನಗೆ ಮುಖವೆಲ್ಲಿದೆ? ಅಪ್ಪನನ್ನು ಸುಳ್ಳುಗಾರ ಮಾಡಿದವಳು ನಾನೇ. ಐದನ್ನೂ ಹಿತ್ತಲಲ್ಲಿ, ಮಳೆ ಬೀಳುವ ಕಡೆ, ಗಳಕ್ಕೆ ಸಾಲಾಗಿ ಕಟ್ಟಿದೆ. ಎಂಟು ಮಳೆಗಾಲ.

೩೦ ಸೆಪ್ಟೆಂಬರ್ ೧೯೬೧

ನಾಲ್ಕು ಮಳೆಗಾಲ ಆಯಿತು. ಗಂಟೆ ಕಪ್ಪಾಗಿವೆ, ಅಂಚಿಗೆ ಚೂರು ಹಸಿರು. ಪಕ್ಕದ ಮನೆಯ ವೆಂಕಮ್ಮ, ಹಬ್ಬಕ್ಕೆ ತೊಳೆದುಕೊಡ್ತೆ ಎಂದು ಹುಣಸೆಹಣ್ಣು ಹಿಡಿದು ಬಂದಳು. ಕೂಗಿಬಿಟ್ಟೆ. ಹುಚ್ಚಿ ಅಂದುಕೊಂಡಿರಬೇಕು. ಅಂದುಕೊಳ್ಳಲಿ.

ಆಷಾಢದಲ್ಲಿ ಎರಡನೇ ನಂಬರ್ ಬಸ್ಸು ಉರುಳಿ ಇಬ್ಬರು ಹೋದರು. ಎರಡನೇ ನಂಬರಿನ ಗಂಟೆಯ ಕೆಳಗೆ ನಿಂತು ಅತ್ತೆ. ಇವರು ಈಗ ಪ್ರತಿ ಟರ್ನಿಂಗಿಗೂ ಹಾರ್ನ್ ಹೊಡೆಯುತ್ತಾರಂತೆ. ಆದರೂ ಬಸ್ಸು ವಾಪಸು ಬರುವ ತನಕ ನನಗೆ ಅನ್ನ ಇಳಿಯುವುದಿಲ್ಲ.

೨ ಅಕ್ಟೋಬರ್ ೧೯೬೫

ಎಂಟು ಮುಗಿಯಿತು. ಬೆರಳು ಹಾಕಿ ನೋಡಿದೆ—ಒಳಗೆಲ್ಲ ಹಸಿರು, ಅಪ್ಪನ ಕಾಲದ ಹಾಗೇ. ಬಸ್ಸಿಗೆ ಕಟ್ಟಿಕೊಳ್ಳಿ ಎಂದು ಇವರಿಗೆ ಹೇಳಿದೆ.

"ಬ್ಯಾಡ. ಸ್ಟ್ಯಾಂಡಿನ್ಯಾಗ ನಗತಾರ. ಮಾವನ ಹೆಸರು ಮತ್ತ ಅವರ ಬಾಯಾಗ ಯಾಕ?"

ತಪ್ಪೇನಲ್ಲ. ಕಿವಿ ಬಂದಿದೆಯೋ ಇಲ್ಲವೋ ಯಾರಿಗೆ ಗೊತ್ತು. ಬಾರಿಸಿದರೂ ಭಯ, ಬಾರಿಸದಿದ್ದರೂ ಭಯ.

೬ ಅಕ್ಟೋಬರ್ ೧೯೬೫, ಹತ್ತಕ್ಕೆ ಹತ್ತು ನಿಮಿಷ

ಬುತ್ತಿ ಕಟ್ಟಿ ಕೊಟ್ಟಾಯಿತು. ಇವರು ಹೋದರು. ಸಾರಿಗೆ ಒಗ್ಗರಣೆ ಹಾಕಿ ಈಗ ಕೂತೆ. ಹಿತ್ತಲಲ್ಲಿ ಏನೋ ಸದ್ದು. ದನ ಹೊಕ್ಕಿರಬೇಕು...

ದನ ಅಲ್ಲ. ನೋಡಿ ಬಂದೆ. ಒಂದು ಎಲೆ ಅಲುಗುತ್ತಿಲ್ಲ. ಉಳಿದವು ಸುಮ್ಮನಿವೆ. ಮೂರನೇ ನಂಬರಿನದೊಂದೇ ಬಾರಿಸುತ್ತಿದೆ.

ಅಪ್ಪಾ.

ಬಸ್ಸು ಇನ್ನೂ ಸ್ಟ್ಯಾಂಡಿನಲ್ಲೇ ಇದೆ. ಹೆಗಡೆಯವರು ಸೀಟಿ ಊದುತ್ತಿದ್ದಾರೆ. ಇಲ್ಲಿ ನಿಂತು ಬರೆಯುತ್ತಿದ್ದೇನಲ್ಲ, ಮಂಗ ನಾನು. ನಗುವವರು ನಗಲಿ. ಚಕ್ರಕ್ಕೆ ಅಡ್ಡ ಮಲಗಿಯಾದರೂ