ನನ್ನ ಹೆಸರು ಖಾಲಿ ಇಲ್ಲವಂತೆ

ಮಾರ್ಚ್ 3, 1983. ಲಂಡನ್

ಟೀ ಆರಿಹೋಯ್ತು. ಮಾತು ಉರು ಹೊಡೀತಾ ಕೂತಿದ್ದೆ. ಪತ್ತೇದಾರಿ ಧಾರಾವಾಹಿ, ಮನೆ ಓನರಮ್ಮನ ಪಾತ್ರ. ಹೆಣ ನೋಡಿ ಕಿರುಚೋದು ನಾನೇ! ಒಂದು ಕಾಲದಲ್ಲಿ ಟೀವಿಯ ಆಸ್ಪತ್ರೆ ಧಾರಾವಾಹಿಯಲ್ಲಿ ನರ್ಸಮ್ಮ ಆಗಿದ್ದವಳು. ಮಗಳು ಮೊಯ್ರಾ ಹುಟ್ಟಿ ಬೆಳೆಯೋಷ್ಟರಲ್ಲಿ ಯಾರೂ ಕರೆಯೋದೇ ನಿಲ್ಲಿಸಿದ್ದರು. ಈಗ ಇದು... ಕೈ ಬಿಡಬಾರದು.

ಕಿರುಚಿ ಅಭ್ಯಾಸ ಮಾಡಿದೆ. ಪಕ್ಕದ ಫ್ಲಾಟಿಗೆ ಹೊಸದಾಗಿ ಬಂದವನು ಗೋಡೆ ಗುದ್ದಿದ. ಗುದ್ದಿಕೊಳ್ಳಲಿ.

ಮಾರ್ಚ್ 7. ಮಧ್ಯಾಹ್ನ

ಏಜೆಂಟ್ ಮಾರಿಸ್ ಫೋನ್. 'ಥೆಲ್ಮಾ, ಮೊದ್ಲು ಕೂತ್ಕೋ. ಧಾರಾವಾಹಿಯಲ್ಲಿ ನಿನ್ನ ಹೆಸರು ಹಾಕೋ ಹಾಗಿಲ್ಲ.'

ಒಂದು ಹೆಸರಿಗೆ ಒಬ್ಬರೇ — ನಟರ ಸಂಘದ ನಿಯಮ, ಗೊತ್ತಿರೋದೇ. ನಾನು ಸದಸ್ಯತ್ವ ಬಿಟ್ಟು ಎಷ್ಟೋ ವರ್ಷ, ಹೆಸರು ಖಾಲಿ ಬಿದ್ದಿತ್ತು. ಹೋದ ವರ್ಷ ಇನ್ಯಾರೋ ಥೆಲ್ಮಾ ಗ್ರೇಲಿಂಗ್ ಅಂತ ಸೇರಿಕೊಂಡಿದ್ದಾಳಂತೆ. ನಮ್ಮಪ್ಪ ಇಟ್ಟ ಹೆಸರು! ಯಾರವಳು?

'ಮುಂದಿನ ಸೋಮವಾರದೊಳಗೆ ಬೇರೆ ಹೆಸರು ಹೇಳು. ಇಲ್ಲಾಂದ್ರೆ ಪಾತ್ರ ಹೋಯ್ತು ಅನ್ಕೋ.'

ಸಂಜೆ ಮೊಯ್ರಾಗೆ ಫೋನ್ ಮಾಡಿ ಆ ಕಳ್ಳಿಗೆ ಬಾಯಿಗೆ ಬಂದ ಹಾಗೆ ಬೈದೆ. ಲೀಡ್ಸ್‌ನಲ್ಲಿ ನಾಟಕ ಮಾಡ್ಕೊಂಡಿರೋ ಮಗಳು. ಹ್ಞೂಂ, ಹ್ಞೂಂ ಅಂದಳು ಅಷ್ಟೇ. 'ಭಾನುವಾರ ಬರ್ತೀನಮ್ಮಾ.'

ಮಾರ್ಚ್ 13. ಭಾನುವಾರ

ಕುರಿಮಾಂಸ ಓವನ್ನಿನೊಳಗೇ ಕರಕಲಾಯ್ತು. ಹೆಸರು ತಗೊಂಡವಳು ಮೊಯ್ರಾ. ಅವಳೇ. ನನ್ನ ಮಗಳೇ!

'ಆ ಹೆಸರು ನೀನು ಬಿಟ್ಟಿದ್ದೆ ಅಲ್ವೇನಮ್ಮಾ... ಅಪ್ಪನ ಹೆಸರಿಟ್ಕೊಂಡು ಮೊಯ್ರಾ ಪಾಟ್ಸ್ ಅಂದ್ರೆ ಯಾರು ಕರೀತಾರೆ? ನಿನ್ನ ಹೆಸರು ಕೇಳಿದ್ರೆ ಬಾಗಿಲು ತೆಗೀತಾರೆ ಅನ್ಕೊಂಡೆ.'

'ತೆಗೆದ್ರಾ?'

ಆಲೂಗಡ್ಡೆ ಚುಚ್ಚುತ್ತಾ ಕೂತಳು. 'ಯಾರಿಗೂ ನೆನಪಿಲ್ಲಮ್ಮಾ. ಒಬ್ರಿಗೂ.'

ಕದ್ದದ್ದಕ್ಕಿಂತ ಇದಕ್ಕೇ ಹೆಚ್ಚು ನೋವಾಯ್ತು. ವಾಪಸ್ ಕೊಡ್ತೀನಿ ಅಂತ ಅತ್ತಳು. ಬೇಡ, ಇಟ್ಕೋ ಅಂದೆ. ಸಿಟ್ಟಿಗೋ, ಅಕ್ಕರೆಗೋ — ನನಗೇ ಗೊತ್ತಿಲ್ಲ.

ಮಾರ್ಚ್ 14

ಮಾರಿಸ್: 'ಹೇಳು ತಾಯಿ, ಏನಂತ ಹಾಕಿಸ್ಲಿ?'

'ಮೊಯ್ರಾ ಪಾಟ್ಸ್.'

'ಅದು ನಿನ್ನ ಮಗಳದ್ದಲ್ವೇನೇ!'

'ಅವಳು ಬಿಟ್ಟಿದ್ದಾಳೆ. ಖಾಲಿ ಇದೆ.'

ಬಿದ್ದು ಬಿದ್ದು ನಕ್ಕ. ನಾನೂ ನಕ್ಕೆ. ಪಾತ್ರ ಉಳೀತು.

ಫೋನಿಟ್ಟು ಕಿರುಚೋ ಅಭ್ಯಾಸಕ್ಕೆ ನಿಂತೆ. ಬಂತು. ಬಂದ ಕಿರುಚಾಟ ನಿಲ್ಲಲೇ ಇಲ್ಲ. ಈ ಸಲ ಪಕ್ಕದವನು ಗೋಡೆ ಗುದ್ದಲಿಲ್ಲ, ಬಾಗಿಲಿಗೇ ಓಡಿ ಬಂದ. 'ಅಯ್ಯೋ, ಏನಾಯ್ತಮ್ಮಾ? ಕೂತ್ಕೊಳ್ಳಿ, ಕೂತ್ಕೊಳ್ಳಿ... ನಿಮ್ಮ ಹೆಸರೇನು?'

ನಾನು ಬಾಯಿ ತೆರೆದೆ —