ಗೋಡೆಯ ಮೇಲಿನ ನಾಲ್ಕು

2-3-2003, ಭಾನುವಾರ, ಬೆಳಿಗ್ಗೆ 10

ಮತ್ತೆ ಅತ್ತಿಗೆಯ ಹೇರ್‌ಪಿನ್ ಕದ್ದೆ. ಇದು ಮೂರನೆಯದು. ಕಾರಿನ ಡ್ಯಾಶ್‌ಬೋರ್ಡ್ ಕೆಳಗೆ ಎರಡು ತೂತಿನ ಸಣ್ಣ ಪ್ಲಗ್ ಇದೆ, ಪಿನ್ನಿನ ಎರಡು ಕಾಲೂ ಅದಕ್ಕೆ ಅಳತೆ ಮಾಡಿದಂತೆ ಕೂರುತ್ತವೆ. ಸಿಕ್ಕಿಸಿ ಕೀ ತಿರುಗಿಸಿದರೆ ಮೀಟರ್ ಪಕ್ಕದ ‘ಚೆಕ್ ಎಂಜಿನ್’ ದೀಪ ಹೊತ್ತಿ ಆರುತ್ತದೆ. ಉದ್ದಕ್ಕೆ ಹೊತ್ತಿದರೆ ಹತ್ತು, ಚಕ್ಕನೆ ಹೊತ್ತಿ ಆರಿದರೆ ಒಂದು. ಎಣಿಸಿಕೊಂಡು ಏಕಾಂತಯ್ಯನವರು ಕೊಟ್ಟ ಜೆರಾಕ್ಸ್ ಹಾಳೆ ನೋಡಬೇಕು. ಯಾವ ನಂಬರಿಗೆ ಯಾವ ಕಾಯಿಲೆ ಅಂತ ಅದರಲ್ಲಿದೆ. ಏಕಾಂತಯ್ಯ ಅಮ್ಮಸಂದ್ರದಲ್ಲಿ ಎಲೆಕ್ಟ್ರಿಷಿಯನ್ ಆಗಿದ್ದು ರಿಟೈರಾದವರು. ಹತ್ತು ವರ್ಷದ ಈ ಜಪಾನ್ ಗಾಡಿಯನ್ನು ಅಣ್ಣನಿಗೆ ಕೊಡಿಸಿದ್ದೂ ಅವರೇ.

ಅಣ್ಣ ಪಕ್ಕದ ಸೀಟಿನಲ್ಲಿ ಕೂತಿದ್ದ. ಪರೀಕ್ಷೆ ರಿಸಲ್ಟ್ ಕೇಳುವವನ ಹಾಗೆ. ಚಕ್, ಚಕ್, ಚಕ್, ಚಕ್. ನಿಂತಿತು. ಮತ್ತೆ ನಾಲ್ಕು.

“ಏನಂತ್ಲಾ ಶಿವ, ದೀಪ?”

“ನಾಲ್ಕು ಅಂತೈತೆ ಕಣಣ್ಣ. ಒಂದು ಸೆನ್ಸರ್‌ದು. ನೋಡ್ತೀನಿ ಬುಡು.”

ಎಂಜಿನ್ ತಿರುಗುತ್ತಿದೆ ಎಂದು ಗಾಡಿಯ ಕಂಪ್ಯೂಟರಿಗೆ ಹೇಳುವ ಸೆನ್ಸರ್ ಅದು. ಅದರ ಸುದ್ದಿ ನಿಂತರೆ ಗಾಡಿ ನಿಂತಂತೆ. ಅಷ್ಟನ್ನು ಅಣ್ಣನಿಗೆ ಬಿಡಿಸಿ ಹೇಳಲಿಲ್ಲ.

ಅಣ್ಣ ಇಳಿದು ಗೂಡಿನಲ್ಲಿದ್ದ ಸೀಮೆಸುಣ್ಣ ತಗೊಂಡ. ಕಾಯಿ ವರ್ಷವಿಡೀ ಒಣಗುವ ಕೊಬ್ಬರಿ ಅಟ್ಟದ ಕೆಳಗೇ ಗಾಡಿ ನಿಲ್ಲಿಸುವುದು. ಅಲ್ಲಿನ ಗೋಡೆಯೇ ನಮ್ಮ ಮನೆಯ ಪಂಚಾಂಗ. ಕಾಯಿ ಅಟ್ಟಕ್ಕೆ ಹಾಕಿದ ದಿನ, ಹಸು ಕರು ಹಾಕಿದ ದಿನ, ಅಣ್ಣನ ಮಗಳು ಯೋಗಿತಾ ಹುಟ್ಟಿದ ದಿನ ಎಲ್ಲ ಅದರ ಮೇಲಿವೆ. ಹಬ್ಬಕ್ಕೆ ಮನೆಗೆಲ್ಲ ಸುಣ್ಣ ಹೊಡೆದರೂ ಆ ಗೋಡೆ ಮುಟ್ಟುವುದಿಲ್ಲ. ‘20-6-02 ಅಟ್ಟಕ್ಕೆ ಹಾಕಿದ್ದು’ ಅಂತ ಇದ್ದುದರ ಕೆಳಗೆ ಬರೆದ: ‘2-3-03 ಕಾರು ದೀಪ 4. ಶಿವ ನೋಡ್ತಾನೆ.’

“ಗೋಡೆ ಮ್ಯಾಲೆ ಬರ್ದದ್ದು ತಪ್ಪಂಗಿಲ್ಲ ಕಣ್ಲಾ” ಅಂದು ನಕ್ಕ.

6-3, ಸಂಜೆ 5

ಮೋಟಾರ್ ರಿಪೇರಿ ಅಂಗಡಿ ಬೇಗ ಮುಚ್ಚಿ ಬಂದೆ. ಆ ಸೆನ್ಸರ್ ಇರುವ ಡಿಸ್ಟ್ರಿಬ್ಯೂಟರ್ ಬಿಚ್ಚಿದೆ, ಒರೆಸಿದೆ, ಕೂರಿಸಿದೆ. ಪ್ಲಗ್ಗುಗಳನ್ನೆಲ್ಲ ಎಳೆದು ಮತ್ತೆ ಒತ್ತಿದೆ. ಸುಟ್ಟ ಪಂಪ್ ಮೋಟಾರ್‌ಗಳನ್ನು ಇಪ್ಪತ್ತು ವರ್ಷದಿಂದ ರಿವೈಂಡಿಂಗ್ ಮಾಡಿದ ಕೈ ಇದು. ಆದರೂ ನಾಲ್ಕು. ದರಿದ್ರದ್ದು.

ಅಣ್ಣ ಹಿಂದೆಯೇ ನಿಂತಿದ್ದ. “ನಿನ್ ಕೈಲಿ ಆಗ್ದಿದ್ರೆ ಹೇಳ್ಲಾ. ಬೆಂಗ್ಳೂರಿಗೆ ಕಳ್ಸಾಣ. ಅದ್ರಾಗೆ ಮಾನ ಹೋಗೋದೇನೈತೆ?”

ಆಗುತ್ತೆ ಅಂದೆ. ಸ್ವಲ್ಪ ಜೋರಾಗಿಯೇ ಅಂದೆ. ಎಸ್ಸೆಸ್ಸೆಲ್ಸಿ ಎರಡು ಸಲ ಡುಮ್ಕಿ, ಮದುವೆಯಿಲ್ಲ, ಅಣ್ಣನ ಮನೆಯಲ್ಲೇ ಊಟ. ನಲವತ್ತನಾಲ್ಕು ವರ್ಷದಲ್ಲಿ ಅಣ್ಣ ಸಹಾಯ ಕೇಳಿ ನನ್ನ ಮುಂದೆ ಬಂದು ನಿಂತದ್ದು ಈ ಗಾಡಿಯ ವಿಷಯಕ್ಕೆ ಮಾತ್ರ. ‘ಕಾರ್ ಡಾಕ್ಟ್ರು’ ಅಂತ ಊರಿಗೆಲ್ಲ ಹೇಳಿಕೊಂಡು ತಿರುಗುತ್ತಾನೆ. ಆ ಹೆಸರು ನನಗೆ ಇಷ್ಟ. ಬರೆಯಲು ನಾಚಿಕೆ, ಆದರೂ ಇಷ್ಟ.

8-3, ಬೆಳಿಗ್ಗೆ 7

ಇವತ್ತು ಚಿಕ್ಕನಾಯಕನಹಳ್ಳಿಗೆ. ಯೋಗಿತಾಗೆ ಗಂಡಿನ ಮನೆ ನೋಡಲು. ಅಣ್ಣ ಹೊಸ ಪಂಚೆ ಉಟ್ಟು ರೆಡಿ. “ಬೀಗ್ರನ್ನ ಕೂರಿಸ್ಕೊಂಡಾಗ ಆ ದೀಪ ಉರೀತಿದ್ರೆ ಏನಂದ್ಕೊಂಡಾರು? ತೆಗೀಲಾ ಅದನ್ನ.”

ತೆಗೆದೆ. ಕಂಪ್ಯೂಟರಿನ ಫ್ಯೂಸ್ ಕಿತ್ತು, ಒಂದು ಲೋಟ ಕಾಫಿ ಕುಡಿದು ಬಂದು ಮತ್ತೆ ಹಾಕಿದರೆ ಎಲ್ಲ ಮರೆತುಬಿಡುತ್ತದೆ. ದೀಪ ಇಲ್ಲ.

“ಸರಿ ಮಾಡ್ದೇನ್ಲಾ?”

“ಹೂಂ ಕಣಣ್ಣ. ಸರಿಯಾಯ್ತು.”

ಬೆನ್ನು ತಟ್ಟಿದ. ಇರಲಿ. ಅಟ್ಟದ ಕಾಯಿ ಕುಲುಕಿದಾಗ ಇನ್ನೂ ನೀರು ಸದ್ದಾದರೆ ಮತ್ತೆ ಅಲ್ಲೇ ಇಡುತ್ತೇವಲ್ಲ, ಹಾಗೆ. ಆಮೇಲೆ ನೋಡಿದರಾಯಿತು.

9-3

ಹೋಗಿಬಂದೆವು. ಗಾಡಿ ಒಂದು ಸಲವೂ ಕೆಮ್ಮಲಿಲ್ಲ. ಹುಡುಗ ಪರವಾಗಿಲ್ಲ, ಮೇಷ್ಟ್ರು. ಅಣ್ಣ ದಾರಿಯುದ್ದಕ್ಕೂ ಹಾಡಿಕೊಂಡು ಬಂದ.

16-3

ದೀಪ ಮತ್ತೆ. ಅಣ್ಣ ಏಳುವ ಮೊದಲೇ ಫ್ಯೂಸ್ ಕಿತ್ತು ಹಾಕಿದೆ.

27-3

ಮತ್ತೆ. ಎಣಿಸಲೂ ಇಲ್ಲ. ಫ್ಯೂಸ್, ಕಾಫಿ, ಫ್ಯೂಸ್. ಈಗ ಅಭ್ಯಾಸವಾಗಿದೆ.

14-4-2003, ಸೋಮವಾರ

ನಿನ್ನೆ ಹನ್ನೊಂದನೆಯ ದಿನ, ಅಣ್ಣನ ಶಿವಗಣಾರಾಧನೆ ಮುಗಿಯಿತು. ನೆಂಟರೆಲ್ಲ ಹೋದರು.

ಬರೆಯಬೇಕು. ಇಲ್ಲದಿದ್ದರೆ ತಲೆ ಒಡೆಯುತ್ತದೆ.

ಯುಗಾದಿಯ ಮಾರನೆಯ ದಿನ, ಏಪ್ರಿಲ್ ಮೂರು. ಬೆಳಿಗ್ಗೆ ತೋಟದಲ್ಲಿ ಎದೆ ಹಿಡಿದುಕೊಂಡು ಕೂತುಬಿಟ್ಟ. ತುಮಕೂರಿಗೆ ಕರೆದುಕೊಂಡು ಹೊರಟೆ. ಹಿಂದಿನ ಸೀಟಿನಲ್ಲಿ ಅತ್ತಿಗೆಯ ತೊಡೆಯ ಮೇಲೆ ಅವನ ತಲೆ. ಅಮ್ಮಸಂದ್ರ ದಾಟಿ ಎರಡು ಮೈಲಿ ಹೋಗಿಲ್ಲ... ಗಾಡಿ ನಿಂತಿತು. ಗುಂಡಿಯಲ್ಲಿ ಒಂದು ಸಲ ಕುಲುಕಿತು, ಅಷ್ಟೇ. ಸ್ಟಾರ್ಟರ್ ತಿರುಗುತ್ತದೆ, ಎಂಜಿನ್ ಹಿಡಿಯುವುದಿಲ್ಲ. ದೀಪ ಉರಿಯುತ್ತಿತ್ತು.

ಹಿಂದಿನಿಂದ ಅಣ್ಣ ಕೇಳಿದ. ದನಿಯೇ ಇರಲಿಲ್ಲ. “ಏನಂತ್ಲಾ, ದೀಪ?”

“ಏನಿಲ್ಲ ಕಣಣ್ಣ.”

ಅವನಿಗೆ ನಾನು ಹೇಳಿದ ಕೊನೆಯ ಮಾತು ಅದೇ. ಅದೂ ಸುಳ್ಳು.

ಅರ್ಧ ಗಂಟೆಯಾದ ಮೇಲೆ ಒಬ್ಬ ಸಿಮೆಂಟ್ ಲಾರಿಯವನು ನಿಲ್ಲಿಸಿದ. ಲಾರಿಯ ಕ್ಯಾಬಿನ್ನಿನಲ್ಲೇ, ಗುಬ್ಬಿ ಊರು ಬರುವ ಮೊದಲೇ ಅಣ್ಣ ಹೋಗಿಬಿಟ್ಟ. ನೋವು ಶುರುವಾಗಿ ಎಷ್ಟು ಹೊತ್ತಾಗಿತ್ತು ಅಂತ ತುಮಕೂರಿನ ಡಾಕ್ಟರ್ ಕೇಳಿದರು. ಹೇಳಿದೆ. ತಲೆಯಾಡಿಸಿ ಬರೆದುಕೊಂಡರು.

ಗಾಡಿಯನ್ನು ಟ್ರ್ಯಾಕ್ಟರಿಗೆ ಕಟ್ಟಿ ಎಳೆದು ತಂದು ಅಟ್ಟದ ಕೆಳಗೆ ನಿಲ್ಲಿಸಿದ್ದಾರೆ. ಇವತ್ತು ಮಧ್ಯಾಹ್ನ ಎಲ್ಲರೂ ಮಲಗಿದ್ದಾಗ ಹೋಗಿ ಪಿನ್ ಸಿಕ್ಕಿಸಿದೆ. ಗೊತ್ತಿದ್ದೂ ಎಣಿಸಿದೆ. ನಾಲ್ಕು.

ಆಮೇಲೆ ಕರಟದ ಮೂಟೆಗಳನ್ನು ಎಳೆದು ಗೋಡೆಗೆ ಅಡ್ಡ ಪೇರಿಸಿದೆ. ಅಣ್ಣ ಬರೆದ ಸಾಲು ಈಗ ಕಾಣುವುದಿಲ್ಲ. ಬೆನ್ನು ನೋಯುತ್ತಿದೆ.

20-4

ಯೋಗಿತಾ ನೆಟ್ಟಗೆ ಅನ್ನ ತಿಂದು ಎಷ್ಟು ದಿನವಾಯಿತೋ. ಕೊಟ್ಟಿಗೆ ಹತ್ತಿರ ಒಬ್ಬಳೇ ಕೂತಿದ್ದಳು. ಹೋಗಿ ಪಕ್ಕದಲ್ಲಿ ಕೂತೆ. ಕೇಳದೆಯೇ ಹೇಳಿದಳು.

ಯುಗಾದಿ ಹಬ್ಬದ ಮಧ್ಯಾಹ್ನ, ಹೋಳಿಗೆ ಉಂಡು ನಾವೆಲ್ಲ ಮಲಗಿದ್ದಾಗ, ಗಾಡಿ ತಗೊಂಡು ಕೆರೆ ಏರಿಯ ತನಕ ಓಡಿಸಿದ್ದಳಂತೆ. ನಾನೇ ಕಲಿಸಿದ್ದು ಓಡಿಸುವುದನ್ನು. ತಿರುಗಿಸುವಾಗ ಗಾಡಿಯ ಹೊಟ್ಟೆಗೆ ಕಲ್ಲು ಬಡಿಯಿತಂತೆ. ಹೆದರಿಕೊಂಡು ಯಾರಿಗೂ ಹೇಳಲಿಲ್ಲ.

“ಮಾರನೇ ದಿನವೇ ಗಾಡಿ ನಿಂತೋಯ್ತಲ್ಲ ಚಿಕ್ಕಪ್ಪ. ನಾನೇ ಅಪ್ಪನ್ನ ಕೊಂದೆ.”

ಆಗ ಹೇಳಬೇಕಿತ್ತು. ಬಾಯಿ ತೆಗೆದರೆ ಬಂದದ್ದು ಏನು? “ಹಂಗೆಲ್ಲ ಅನ್ಬಾರ್ದು ಕಣವ್ವ. ಹಣೇಲಿ ಬರ್ದಿದ್ದನ್ನ ಯಾರು ತಪ್ಪಿಸ್ತಾರೆ.”

ಥೂ ನನ್ನ ಜನ್ಮಕ್ಕೆ. ಹಣೆಯಲ್ಲಿ ಬರೆದಿರಲಿಲ್ಲ, ಗೋಡೆಯ ಮೇಲೆ ಬರೆದಿತ್ತು.

4-5, ಮಧ್ಯಾಹ್ನ 3

ಸಿಕ್ಕಿತು. ಎಂಜಿನ್ನಿನ ಹಿಂದೆ, ಮೇಲ್ಗಡೆ, ವೈರುಗಳ ಕಟ್ಟು ಹೋಗುವ ಸಂದಿಯಲ್ಲಿ ತೆಂಗಿನ ನಾರಿನ ಗೂಡು. ಇಲಿ. ಅಟ್ಟದ ಕೊಬ್ಬರಿಗೆ ಬರುವ ಇಲಿಗಳು ಕೆಳಗಿಳಿದು ಬೆಚ್ಚಗೆ ಮನೆ ಮಾಡಿಕೊಂಡಿವೆ. ಸೆನ್ಸರ್ ವೈರನ್ನು ಕಡಿದಿವೆ. ಒಂದೆರಡು ಎಳೆ ಹಿಡಿದುಕೊಂಡಿತ್ತು ಅಷ್ಟೇ. ಗುಂಡಿಗೆ ಬಿದ್ದಾಗ ಬಿಟ್ಟುಕೊಳ್ಳುತ್ತಿತ್ತು, ಮತ್ತೆ ತಾಗುತ್ತಿತ್ತು. ಕೊನೆಗೆ ಪೂರ್ತಿ ಬಿಟ್ಟಿದೆ.

ಬಿಸಿಲಿಗೆ ಪೇಂಟ್ ಹಾಳಾಗುತ್ತೆ, ಅಟ್ಟದ ಕೆಳಗೆ ನಿಲ್ಲಿಸು ಅಂತ ಅಣ್ಣನಿಗೆ ಹೇಳಿದ್ದು ನಾನೇ.

ಬೆಸುಗೆ ಹಾಕಿ ಟೇಪ್ ಸುತ್ತಿದೆ. ಒಂದೇ ಸಲಕ್ಕೆ ಸ್ಟಾರ್ಟ್ ಆಯಿತು. ಹತ್ತು ನಿಮಿಷದ ಕೆಲಸ. ಹತ್ತು ನಿಮಿಷ! ಮಾರ್ಚಿನಲ್ಲಿ ಆ ವೈರುಗಳ ಕಟ್ಟು ಬಿಚ್ಚಿ ಒಂದು ಗೇಣು ಹಿಂದಕ್ಕೆ ನೋಡಿದ್ದರೆ... ಇಲ್ಲ, ನನ್ ಕೈಲಿ ಆಗಲ್ಲ ಕಣಣ್ಣ ಅಂತ ಒಂದು ಮಾತು ಹೇಳಿದ್ದರೂ ಸಾಕಿತ್ತು.

ಸದ್ದು ಕೇಳಿ ಯೋಗಿತಾ ಹೊರಗೆ ಓಡಿ ಬಂದಳು. ಗಾಡಿ ನೋಡಿದಳು, ನನ್ನನ್ನು ನೋಡಿದಳು. “ಕಲ್ಲು ಬಡ್ದಿದ್ದಕ್ಕೇ ಹಾಳಾಗಿತ್ತಾ ಚಿಕ್ಕಪ್ಪ?”

ಕಲ್ಲು ಬಡಿದದ್ದು ಕೆಳಗೆ, ವೈರ್ ಇದ್ದದ್ದು ಮೇಲೆ. ಇಲ್ಲ ಅಂದರೆ ಮತ್ತೇನಾಗಿತ್ತು ಅಂತ ಕೇಳುತ್ತಾಳೆ, ಯಾವಾಗಿನಿಂದ ಅಂತ ಕೇಳುತ್ತಾಳೆ. “ಇನ್ನೂ ನೋಡ್ಬೇಕು” ಅಂದೆ. ತಲೆ ತಗ್ಗಿಸಿ ಒಳಗೆ ಹೋದಳು.

ಫ್ಯೂಸ್ ಮಾತ್ರ ಮುಟ್ಟಿಲ್ಲ. ಆ ನಾಲ್ಕು ಕಂಪ್ಯೂಟರಿನ ನೆನಪಿನಲ್ಲೇ ಇದೆ.

11-5, ಭಾನುವಾರ

ಚಿಕ್ಕನಾಯಕನಹಳ್ಳಿಯವರು ಹೇಳಿ ಕಳಿಸಿದ್ದರು. ಸಾವಾದ ಮನೆಯಲ್ಲಿ ವರ್ಷದೊಳಗೆ ಮದುವೆ ಮಾಡಿದರೆ ಒಳ್ಳೆಯದಂತೆ. ಯೋಗಿತಾ ಬಂದವರ ಮುಂದೆಯೇ ಬೇಡ ಅಂದುಬಿಟ್ಟಳು. ಅವರು ಹೋದ ಮೇಲೆ ಅತ್ತಿಗೆ ಬಿಡಲಿಲ್ಲ. ಯಾಕೆ, ಏನು, ಯಾರಾದರೂ ಇದ್ದಾರಾ ಅಂತ ಕೇಳಿ ಕೇಳಿ... ಕೊನೆಗೆ ಹುಡುಗಿ ಕಲ್ಲಿನ ವಿಷಯ ಬಾಯಿಬಿಟ್ಟಳು. “ಅಪ್ಪನ್ನ ಕೊಂದೋಳಿಗೆ ಮದ್ವೆ ಯಾಕಮ್ಮ?”

ಅತ್ತಿಗೆ ಹೊಡೆಯಲಿಲ್ಲ, ಬೈಯಲಿಲ್ಲ. “ಅವತ್ತೇ ಒಂದ್ಮಾತು ಹೇಳಿದ್ರೆ ಬಸ್ಸಿಗಾದ್ರೂ ಹೋಗ್ತಿದ್ವಲ್ಲೇ” ಅಂದರು. ಅಷ್ಟೇ.

ಆ ಮಾತು ನನಗೆ ಬರಬೇಕಾದದ್ದು. ಕಂಬಕ್ಕೆ ಒರಗಿಕೊಂಡು ನಿಂತಿದ್ದೆ. ಇಂಥ ಹೇಡಿಯನ್ನು ಮಗನ ಹಾಗೆ ಸಾಕಿದನಲ್ಲ ಅಣ್ಣ.

19-5

ಅತ್ತಿಗೆ ಮಗಳ ಜೊತೆ ಮಾತು ಬಿಟ್ಟಿದ್ದಾರೆ. ತಟ್ಟೆ ಹಾಕುತ್ತಾರೆ, ಮುದ್ದೆ ಇಡುತ್ತಾರೆ, ಎದ್ದು ಹೋಗುತ್ತಾರೆ. “ಅವಳಿಗೆ ಸಾರು ಬೇಕಾ ಕೇಳಪ್ಪ” ಅಂತ ನನ್ನ ಕೈಲಿ ಕೇಳಿಸುತ್ತಾರೆ. ಕೇಳುತ್ತೇನೆ. ಬೇಡ ಅನ್ನುತ್ತಾಳೆ. ಬೇಡವಂತೆ ಅನ್ನುತ್ತೇನೆ. ಮೂರು ಜನರ ಮನೆಯಲ್ಲಿ ನಾನು ಮಧ್ಯವರ್ತಿ. ನನಗೆ ಮಾತ್ರ ಎರಡು ಸಲ ಸಾರು ಬಡಿಸುತ್ತಾರೆ.

25-5

ಅತ್ತಿಗೆ ಅಂದರು, “ಅಟ್ಟದ ಕಾಯಿ ಇಳಿಸೋ ಹೊತ್ತಾಯ್ತು ಕಣಪ್ಪ. ಗುರುವಾರ ಸುಲಿಯಕ್ಕೆ ದುರ್ಗಯ್ಯ ಬತ್ತಾನೆ. ಯಾವತ್ತು ಹಾಕಿದ್ದು ಅಂತ ಗೋಡೆ ನೋಡಿ ಹೇಳು.”

“ಜೂನ್ ಇಪ್ಪತ್ತು” ಅಂದೆ.

“ಬಾಯಲ್ಲಿ ಹೇಳ್ಬ್ಯಾಡ, ನೋಡಿ ಹೇಳು. ಆ ಮೂಟೆ ಯಾರು ಅಲ್ಲಿ ಇಟ್ಟೋರು? ನಿಮ್ಮಣ್ಣ ಇದ್ದಿದ್ರೆ ಇಡಾಕೆ ಬುಡ್ತಿದ್ರಾ?”

ಒದ್ದೆ ಬಟ್ಟೆ ಹಿಡಿದು ಹೋದೆ. ಒಂದು ಮೂಟೆ ಸರಿಸಿ ಕೈ ತೂರಿಸಿದೆ. ಸೀಮೆಸುಣ್ಣ. ಒಂದು ಸಲ ಎಳೆದರೆ ಮುಗಿಯಿತು. ಯಾರಿಗೂ ಯಾವತ್ತಿಗೂ ಗೊತ್ತಾಗುವುದಿಲ್ಲ. ಫ್ಯೂಸ್ ಕಿತ್ತ ಹಾಗೆಯೇ.

‘ಶಿವ ನೋಡ್ತಾನೆ.’ ಅಣ್ಣನ ‘ಶಿ’ ಯಾವಾಗಲೂ ಬಲಕ್ಕೆ ವಾಲುತ್ತದೆ. ಬಟ್ಟೆಯ ನೀರು ಮೊಣಕೈವರೆಗೆ ಇಳಿಯಿತು. ಒರೆಸಲು ಆಗಲಿಲ್ಲ. ಅಲ್ಲೇ ಮೂಟೆ ತಬ್ಬಿಕೊಂಡು ಅತ್ತೆ.

29-5, ಗುರುವಾರ, ಬೆಳಿಗ್ಗೆ 6

ದುರ್ಗಯ್ಯ ಬರುವುದು ಹತ್ತಕ್ಕೆ. ಮೂಟೆಗಳನ್ನೆಲ್ಲ ತೆಗೆದಿಟ್ಟೆ. ಯೋಗಿತಾ ಎದ್ದಿದ್ದಾಳೆ, ಹಾಲು ಕರೆಯುತ್ತಿದ್ದಾಳೆ. ಅವಳನ್ನು ಇಲ್ಲಿಗೆ ಕರೆಯುತ್ತೇನೆ. ಈಗ ಕರೆಯದಿದ್ದರೆ ಇನ್ನು ಕರೆಯುವುದಿಲ್ಲ.

ಅದೇ ದಿನ, 8 ಗಂಟೆ

ಗಾಡಿಯಲ್ಲಿ ಕೂತು ಬರೆಯುತ್ತಿದ್ದೇನೆ.

ಅವಳನ್ನು ಡ್ರೈವರ್ ಸೀಟಿನಲ್ಲಿ ಕೂರಿಸಿದೆ. ಕೈಗೆ ಪಿನ್ ಕೊಟ್ಟೆ, ಎಲ್ಲಿ ಸಿಕ್ಕಿಸಬೇಕು ತೋರಿಸಿದೆ, ಕೀ ತಿರುಗಿಸಿದೆ. “ಎಣಿಸವ್ವ” ಅಂದೆ.

“ಒಂದು, ಎರಡು, ಮೂರು, ನಾಲ್ಕು.” ಕಾದಳು. “ನಾಲ್ಕು, ಚಿಕ್ಕಪ್ಪ. ಹಂಗಂದ್ರೆ?”

“ಅವತ್ತು ಗಾಡಿ ನಿಲ್ಲಿಸಿದ ಕಾಯಿಲೆ. ಈಗ ಗೋಡೆ ಓದು.”

ಇಳಿದು ಹೋಗಿ ಓದಿದಳು. ಮೊದಲು ಮನಸ್ಸಿನಲ್ಲಿ, ಆಮೇಲೆ ಬಾಯಿಬಿಟ್ಟು. ಅಪ್ಪನ ಅಕ್ಷರದ ಮೇಲೆ ಬೆರಳಿಟ್ಟಳು, ಉಜ್ಜಲಿಲ್ಲ.

“ಇದು ಮಾರ್ಚ್ ಎರಡು.”

“ಹೂಂ.”

“ನಾನು ಗಾಡಿ ತಗೊಂಡು ಹೋಗಿದ್ದು ಯುಗಾದಿ ದಿನ. ಏಪ್ರಿಲ್ ಎರಡು.”

“ಹೂಂ ಕಣವ್ವ. ನಿನ್ನ ಕಲ್ಲಿಂದ ಏನೂ ಆಗಿಲ್ಲ. ಇಲಿ ಕಡಿದಿತ್ತು. ನಂಗೆ ದೀಪ ಗೊತ್ತಿತ್ತು. ಮೂರು ಸಲ ಅಳಿಸಿದೆ. ಸರಿಯಾಯ್ತು ಅಂತ ನಿಮ್ಮಪ್ಪಂಗೆ ಸುಳ್ಳು ಹೇಳಿದೆ.”

ಅಳಲಿಲ್ಲ. ನನ್ನ ಮುಖವನ್ನೇ ನೋಡುತ್ತಿದ್ದಳು. “ನಾನು ಅನ್ನ ಬಿಟ್ಟಾಗ್ಲೂ ಗೊತ್ತಿತ್ತಾ?” ಅಂದಳು. ಹೂಂ ಅಂದೆ. “ಅಮ್ಮ ಮಾತು ಬಿಟ್ಟಾಗ್ಲೂ?” ಹೂಂ ಅಂದೆ. ಗಾಡಿಯೊಳಗೆ ಬಗ್ಗಿ ಪಿನ್ ಕಿತ್ತುಕೊಂಡು ಮುಷ್ಟಿಯಲ್ಲಿ ಹಿಡಿದು ಒಳಗೆ ಹೋದಳು.

ಅಡುಗೆಮನೆಯಿಂದ ಅವಳ ದನಿ ಕೇಳುತ್ತಿತ್ತು. ಬಹಳ ಹೊತ್ತು. ಆಮೇಲೆ ಅತ್ತಿಗೆ “ಯೋಗೀ... ಬಾರೇ ಇಲ್ಲಿ” ಅಂದರು. ಹದಿನೆಂಟು ದಿನ ಆಗಿತ್ತು ಆ ಹೆಸರು ಅವರ ಬಾಯಲ್ಲಿ ಕೇಳಿ. ಇಬ್ಬರೂ ಅಳುತ್ತಿದ್ದಾರೆ. ಅಷ್ಟು ಸಾಕು ನನಗೆ. ಸಾಕು ಅಂತ ಬರೆಯುತ್ತಿದ್ದೇನೆ, ಆದರೆ ಹೆದರಿಕೆ ಹೋಗುತ್ತಿಲ್ಲ.

ಅಳು ನಿಂತಿತು. ಹಿತ್ತಿಲ ಬಾಗಿಲು ತೆಗೆದ ಸದ್ದು. ಅತ್ತಿಗೆಯ ಹೆಜ್ಜೆ. ಈ ಕಡೆಗೇ. ಏನಂತಾರೋ ಅನ್ನಲಿ, ಈ ಸಲ ಏನಿಲ್ಲ ಅನ್ನುವುದಿಲ್ಲ. ಗೋಡೆಯ ಮುಂದೆ ನಿಂತರು. ಓದುತ್ತಿದ್ದಾರೆ. ಈಗ ತಿರುಗಿ ನನ್ನ ಕಡೆ ನೋಡಿದರು. ಬರೆಯುವುದು ನಿಲ್ಲಿಸಿ ಇಳಿಯುತ್ತೇನೆ.