ಹಿಬಾಳ ಹೆಸರು ತೆಗೆಸಿದವರು

ಅಲ್ ಅಹ್ಸಾ, ಸೌದಿ ಅರೇಬಿಯಾ
16 ಜನವರಿ 2026, ಶುಕ್ರವಾರ

ಮಗಳೇ ಹಿಬಾ, ಸಲಾಂ.

ಇದನ್ನು ಫೋನಿನಲ್ಲೇ ಹೇಳಬೇಕೆಂದು ಎಷ್ಟೋ ಸಲ ಬಾಯಿ ತೆರೆದೆ. ಪ್ರತಿ ಸಲವೂ ಬಂಗುಡೆ ಮೀನಿಗೆ ಈಗ ಎಷ್ಟು ರೇಟು ಎಂದು ಕೇಳಿ ಇಟ್ಟುಬಿಟ್ಟೆ. ಇಲ್ಲಿ ನಮ್ಮ ಪಕ್ಕದ ಫ್ಲಾಟಿನ ರಝಾಕ್ ನಾಳೆ ಊರಿಗೆ ಹೊರಟಿದ್ದಾನೆ, ಅವನ ಕೈಯಲ್ಲಿ ಖರ್ಜೂರದ ಜೊತೆ ಈ ಪತ್ರ ಕಳಿಸುತ್ತಿದ್ದೇನೆ. ಖರ್ಜೂರ ಆಮೇಲೆ ತಿನ್ನು, ಮೊದಲು ಇದನ್ನು ಓದು.

ಪಂಚಾಯತ್ ಚುನಾವಣೆಗೆ ನಿಲ್ಲಬೇಕೆಂದು ಹೊರಟವಳಿಗೆ ಮತದಾರರ ಪಟ್ಟಿಯಲ್ಲಿ ಹೆಸರೇ ಇಲ್ಲವೆಂದು ಗೊತ್ತಾದ ದಿನ ನೀನು ಊಟ ಬಿಟ್ಟು ಕೂತಿದ್ದೆ. ಅದೇ ಸೀಟಿಗೆ ನಿಲ್ಲುವ ಪಕ್ಕದ ಮನೆಯ ಸಬೀನಾಳೇ ತೆಗೆಸಿದ್ದಾಳೆಂದು ಅವಳ ಜೊತೆ ಮಾತು ಬಿಟ್ಟೆ. ನಾನೂ ಹೂಂಗುಟ್ಟಿದೆ. ಸಬೀನಾ ಅಲ್ಲ ಮಗಳೇ. ತೆಗೆಸಿದ್ದು ನಾನು.

ಮನೆಮನೆಗೆ ಬಂದು ಪಟ್ಟಿ ನೋಡುವ ಅಂಗನವಾಡಿ ಟೀಚರ್ ಊರಿಗೆ ಹೊಸಬರು. ಕರೆಂಟಿಲ್ಲದೆ ಬೆಲ್ ಆಗಲಿಲ್ಲವೆಂದು ಗೇಟಿನ ಹೊರಗೆ ನಿಂತು, ಅವರ ಪುಸ್ತಕದಲ್ಲಿದ್ದ ನನ್ನ ನಂಬರಿಗೆ ಫೋನ್ ಮಾಡಿದರು. ಹಿಬಾ ಇಲ್ಲೇ ಇದ್ದಾಳಾ, ಮದುವೆಯಾಗಿ ಹೋದಳಾ ಎಂದು ಕೇಳಿದರು. ನಾನು ಶಾಲೆಯಲ್ಲಿದ್ದೆ, ಪೀರಿಯಡಿನ ಬೆಲ್ ಆಗಿತ್ತು, ಅವಸರ. ಗಂಡನ ಮನೆಯಲ್ಲಿದ್ದಾಳೆ ಅಂದುಬಿಟ್ಟೆ. ನೀನು ಅವನನ್ನು ಬಿಟ್ಟು ಬಂದು ನಮ್ಮ ಮನೆಯಲ್ಲಿರುವುದನ್ನು ನಾನು ಇಲ್ಲಿ ಯಾರಿಗೂ ಹೇಳಿಲ್ಲ. ಇಲ್ಲಿಯ ನಮ್ಮ ಹೆಂಗಸರು ಗೊತ್ತಲ್ಲ, ಬಿರಿಯಾನಿ ಬಡಿಸುವ ಮೊದಲೇ ಯಾರ ಮಗಳು ಎಲ್ಲಿದ್ದಾಳೆ ಎಂಬ ಲೆಕ್ಕ ಶುರುವಾಗುತ್ತದೆ. ಅವರಿಗೆಲ್ಲ ಇದೇ ಉತ್ತರ ಕೊಟ್ಟು ಕೊಟ್ಟು ನಾಲಿಗೆಗೆ ಅಭ್ಯಾಸವಾಗಿಹೋಗಿತ್ತು.

ಈ ವಾರ ಒಂಬತ್ತನೇ ಕ್ಲಾಸಿಗೆ 1832ರ ಇಂಗ್ಲೆಂಡಿನ ಮತದಾನ ಸುಧಾರಣೆಯ ಪಾಠ ಮಾಡಿದೆ. ಮತದಾರರ ಪಟ್ಟಿ ಬರೆದು ಚರ್ಚಿನ ಬಾಗಿಲಿಗೆ ಅಂಟಿಸುವುದು ಅಲ್ಲಿ ಶುರುವಾದದ್ದೇ ಆಗ. ಎದುರು ಪಕ್ಷದವರು ಬೇಕಂತಲೇ ಹೆಸರುಗಳಿಗೆ ಆಕ್ಷೇಪಣೆ ಹಾಕುತ್ತಿದ್ದರು. ಹಾಕಿದವನು ಕಾರಣ ಹೇಳಬೇಕಾಗಿರಲಿಲ್ಲ. ಪಾಪ, ಆ ಮತದಾರನೇ ಕೆಲಸ ಬಿಟ್ಟು ಬಂದು, ಪಟ್ಟಿ ಪರಿಶೀಲಿಸುವ ವಕೀಲರ ಮುಂದೆ ನಿಂತು ತನ್ನ ಹಕ್ಕು ಸಾಬೀತು ಮಾಡಬೇಕು. ಬಾರದಿದ್ದರೆ ಹೆಸರು ಹೋಯಿತು. ಹೆಂಗಸರಿಗೆ ಮತವೇ ಇರಲಿಲ್ಲ, ಯಜಮಾನನ ಮನೆಯಲ್ಲೇ ಉಳಿಯುವ ಕೆಲಸದವರಿಗೂ ಇರಲಿಲ್ಲ. ಅಫ್ನಾನ್ ಎಂಬ ಹುಡುಗಿ ಎದ್ದು ನಿಂತು, ಸ್ವಂತ ಮನೆಯವರೂ ಆಕ್ಷೇಪಣೆ ಹಾಕುತ್ತಿದ್ದರಾ ಮಿಸ್ ಎಂದು ಕೇಳಿದಳು. ಅದು ಪುಸ್ತಕದಲ್ಲಿಲ್ಲ, ಕೂತ್ಕೋ ಅಂದೆ.

ನೀನು ಮತ್ತೆ ಅರ್ಜಿ ಹಾಕಿದ್ದೀಯ, ಬರುವ ಗುರುವಾರ ತಾಲೂಕು ಕಚೇರಿಯಲ್ಲಿ ವಿಚಾರಣೆ. ಮನೆ ನನ್ನ ಹೆಸರಿನಲ್ಲಿದೆ. ಅಲ್ಲಿ ಹಿಬಾ ಇಲ್ಲ ಎಂದವಳೇ ಬಂದು ಇದ್ದಾಳೆ ಎನ್ನದಿದ್ದರೆ ನಾಮಪತ್ರದ ದಿನ ದಾಟಿಹೋಗುತ್ತದೆ. ನಾಲ್ಕು ವರ್ಷದಿಂದ ಓಣಿಯ ಬಾವಿಗಳಲ್ಲಿ ಉಪ್ಪುನೀರು ಎಂದು ಪಂಚಾಯತಿಗೆ ಅಲೆದವಳು ನೀನು, ಆಮೇಲೆ ಇನ್ನೈದು ವರ್ಷ ಹೊರಗೆ ನಿಲ್ಲಬೇಕು. ನನಗೆ ರಜೆ ಸಿಕ್ಕಿದೆ, ಬುಧವಾರ ಮನೆಯಲ್ಲಿರುತ್ತೇನೆ. ಮಗಳು ಗಂಡನನ್ನು ಬಿಟ್ಟಳೆಂದು ಸರ್ಕಾರಿ ಕಚೇರಿಯಲ್ಲಿ ಸಾರಲಿಕ್ಕೆ ವಿಮಾನದ ಟಿಕೆಟ್ ಬೇರೆ ಕೇಡಾ ಎಂದು ನಿನ್ನ ಬಾಪ ಕೇಳಿದರು. ಹೌದು ಅಂದೆ. ಅಂದಿನಿಂದ ನನ್ನ ಕೈಯ ಚಾ ಕುಡಿಯುತ್ತಿಲ್ಲ, ತಾವೇ ಮಾಡಿಕೊಂಡು ಸಕ್ಕರೆ ಜಾಸ್ತಿ ಹಾಕಿಕೊಳ್ಳುತ್ತಾರೆ.

ಇವಳು ನನ್ನ ಮಗಳು, ನನ್ನ ಮನೆಯಲ್ಲೇ ಇರುತ್ತಾಳೆ. ಅಧಿಕಾರಿಯ ಮುಂದೆ ಇಷ್ಟು ಹೇಳಬೇಕು. ಅಡುಗೆಮನೆಯಲ್ಲಿ ಹೇಳಿ ಹೇಳಿ ನೋಡುತ್ತಿದ್ದೇನೆ.

ನಾನು ಬರುವ ಮೊದಲೇ ಸಬೀನಾಳ ಮನೆಗೆ ಹೋಗು. ಅರ್ಧ ಖರ್ಜೂರ ಅವಳಿಗೆ ಕೊಡು, ತಪ್ಪು ಯಾರದೆಂದೂ ಹೇಳು. ನನ್ನ ಮಾನ ಉಳಿಸಲು ಹೋಗಬೇಡ.

ನಿನ್ನ ಮುಖ ನೋಡಲು ನಾಚುತ್ತಿರುವ
ಉಮ್ಮ,
ಖದೀಜತ್

ಇನ್ನೊಂದು ಮಾತು. ಪೀರಿಯಡಿನ ಬೆಲ್ ಆಗಿರಲಿಲ್ಲ ಹಿಬಾ. ಆ ಅಂಗನವಾಡಿ ಟೀಚರ್ ಫೋನಿನಲ್ಲಿ, ಹಿತ್ತಲಿನಿಂದ ನೀನು ಕೋಳಿಗಳನ್ನು ಕರೆಯುವುದು ನನಗೆ ಸರಿಯಾಗಿ ಕೇಳುತ್ತಿತ್ತು. ಅವರಿಗೂ ಕೇಳಿತು. ಹಾಗಾದರೆ ಒಳಗಿರುವುದು ಯಾರು ಎಂದು ಕೇಳಿದರು. ಕೆಲಸದವಳು ಅಂದೆ.